ಹೆಸರಿನ ಕಾಲಂ ಖಾಲಿ ಇದ್ದರೂ ಆದೀತು

ಮಂಡ್ಯದ ಗುತ್ತಲಿನ ಸೊಸೆಯೊಬ್ಬಳು ಚೊಚ್ಚಲ ಹೆರಿಗೆಗೆ ಮಳವಳ್ಳಿಯ ತವರಿಗೆ ಹೋದಳು ಅಂದುಕೊಳ್ಳಿ. ಮಗು ಅಲ್ಲಿನ ಆಸ್ಪತ್ರೆಯಲ್ಲಿ ಹುಟ್ಟಿದರೆ ಜನನ ನೋಂದಣಿಯೂ ಮಳವಳ್ಳಿಯದೇ. ಮುಂದೆ ಹೆಸರಿನಲ್ಲಿ ಕೊಂಬು ದೀರ್ಘ ತಪ್ಪಿದೆ ಅಂತ ಅಪ್ಪ ಮಂಡ್ಯ ನಗರಸಭೆಗೆ ಅಲೆದು ಪ್ರಯೋಜನವಿಲ್ಲ.

ನೋಂದಣಿಗೆ 21 ದಿನದ ಗಡುವಿದೆ. ಆಸ್ಪತ್ರೆಯಲ್ಲಿ ಹುಟ್ಟಿದರೆ ಮಾಹಿತಿ ಕೊಡುವ ಹೊಣೆ ಆಸ್ಪತ್ರೆಯವರದು. ಈ ಗಡುವು ಹೆಸರಿಗೂ ಇದೆ ಅಂತ ಗಾಬರಿ ಬೀಳುವವರುಂಟು. ಜೋಯಿಸರು ಒಂದು ಅಕ್ಷರ ಹೇಳಿರುತ್ತಾರೆ, ಅಜ್ಜಿಗೆ ಮನೆದೇವರ ಹೆಸರೇ ಆಗಬೇಕು, ಸೋದರಮಾವ ಮೊಬೈಲಿನಲ್ಲಿ ಇನ್ನೇನೋ ಹುಡುಕಿಟ್ಟಿರುತ್ತಾನೆ. ಡಿಸ್ಚಾರ್ಜಿನ ಗಡಿಬಿಡಿಯಲ್ಲಿ ಬಾಯಿಗೆ ಬಂದದ್ದನ್ನು ಬರೆಸಿಬಿಡುತ್ತಾರೆ. ಆ ಅವಸರ ಬೇಕಿಲ್ಲ. 1969ರ ಜನನ ಮರಣ ನೋಂದಣಿ ಕಾಯ್ದೆಯ 14ನೇ ಕಲಂ ಹೆಸರಿಲ್ಲದೆಯೂ ನೋಂದಣಿಗೆ ಒಪ್ಪುತ್ತದೆ. ನೋಂದಣಿಯಾಗಿ ಒಂದು ವರ್ಷದೊಳಗೆ ಹೆಸರು ಸೇರಿಸಿದರೆ ಶುಲ್ಕವಿಲ್ಲ. ಆಮೇಲೂ ಶುಲ್ಕ ಕಟ್ಟಿ 15 ವರ್ಷದವರೆಗೆ ಸೇರಿಸಬಹುದು.

ಆಸ್ಪತ್ರೆಯಲ್ಲೇ ಕಣ್ಣಿಟ್ಟು ನೋಡಬೇಕಾದ್ದು ಅಪ್ಪ ಅಮ್ಮನ ಹೆಸರು. ಆಧಾರ್, ತಾಯಿ ಕಾರ್ಡ್, ಅಂಕಪಟ್ಟಿ ಒಂದೊಂದರಲ್ಲೂ ಒಂದೊಂದು ಥರ ಇರುವುದು ನಮ್ಮ ಕಡೆ ಹೊಸದೇನಲ್ಲ. ಇನಿಷಿಯಲ್ ಒಂದರಲ್ಲಿ ಮುಂದೆ, ಒಂದರಲ್ಲಿ ಹಿಂದೆ, ಇನ್ನೊಂದರಲ್ಲಿ ಇಲ್ಲವೇ ಇಲ್ಲ. ಗೌಡ ಎಂಬುದಕ್ಕೆ ಮಂಡ್ಯದವರು ಇಂಗ್ಲಿಷಿನಲ್ಲಿ ಡಬ್ಲ್ಯು ಹಾಕುತ್ತಾರೆ, ಉತ್ತರ ಕರ್ನಾಟಕದ ಕಡೆ ಯು. ಕಂಪ್ಯೂಟರಿಗೆ ಅವರಿಬ್ಬರೂ ಬೇರೆ ಬೇರೆ ಆಸಾಮಿಗಳು! ಮಗುವಿನ ಹೆಸರನ್ನಂತೂ ಬಾಯಲ್ಲಿ ಹೇಳಲೇಬೇಡಿ. ಕನ್ನಡ, ಇಂಗ್ಲಿಷ್ ಎರಡರಲ್ಲೂ ಚೀಟಿಯಲ್ಲಿ ಬರೆದು ಕೊಡಿ. ಇಂಗ್ಲಿಷಿನಲ್ಲಿ ರಮಾಳೂ ರಾಮನೂ ಒಂದೇ ಥರ ಕಾಣುತ್ತಾರಲ್ಲ.

ಇಷ್ಟು ಎಚ್ಚರ ಯಾಕೆಂದರೆ, ತಲೆಯ ಮೇಲಿಂದ ಕೈ ಹಾಯಿಸಿ ಕಿವಿ ಮುಟ್ಟಿಸಿ, ಅಂದಾಜಿನ ತಾರೀಖು ಬರೆದು ಮೇಷ್ಟರು ಒಂದನೇ ಕ್ಲಾಸಿಗೆ ಸೇರಿಸಿಕೊಳ್ಳುತ್ತಿದ್ದ ಕಾಲ ಹೋಯಿತು. 2023ರ ಅಕ್ಟೋಬರ್ 1ರಿಂದೀಚೆಗೆ ಹುಟ್ಟಿದವರಿಗೆ ಶಾಲೆ, ಡ್ರೈವಿಂಗ್ ಲೈಸೆನ್ಸ್, ಮತದಾರರ ಪಟ್ಟಿ, ಮದುವೆ ನೋಂದಣಿ ಎಲ್ಲಕ್ಕೂ ಹುಟ್ಟಿದ ದಿನ, ಸ್ಥಳದ ಪುರಾವೆ ಜನನ ಪ್ರಮಾಣಪತ್ರವೇ.

ದಾಖಲೆಯಲ್ಲಿ ತಪ್ಪಾದರೆ ಅದೇ ಕಾಯ್ದೆಯ 15ನೇ ಕಲಂ ಇದೆ. ಮೂಲ ಬರಹವನ್ನು ಅಳಿಸುವುದಿಲ್ಲ. ಅಂಚಿನಲ್ಲಿ ಸರಿಯಾದದ್ದನ್ನು ಬರೆದು, ತಾರೀಖು ಹಾಕಿ ಸಹಿ ಮಾಡುತ್ತಾರೆ. ಹೆಸರನ್ನೇ ಬದಲಿಸುವುದು ಮಾತ್ರ ಬೇರೆ ಮಾತು. ಜ್ಯೋತಿಷ್ಯದ ಪ್ರಕಾರ ಹೆಸರು ಕೂಡಿಬರಲಿಲ್ಲವೆಂದು ಮಗುವಿನ ಹೆಸರು ಬದಲಿಸಲು ಹೊರಟ ಕುಟುಂಬವೊಂದರ ಪ್ರಕರಣ 2025ರಲ್ಲಿ ಕರ್ನಾಟಕ ಹೈಕೋರ್ಟಿಗೆ ಬಂತು. ಕಾಯ್ದೆಯಲ್ಲಿ ಅದಕ್ಕೆ ದಾರಿಯೇ ಇಲ್ಲವೆಂದು ಕಂಡ ನ್ಯಾಯಾಲಯ, ಕಾನೂನು ತಿದ್ದುವವರೆಗೆ, ಹೆಸರು ಬದಲಾಗಿದೆ ಎಂಬುದನ್ನು ರಿಜಿಸ್ಟರಿನಲ್ಲಿ ನಮೂದಿಸಿ ಎಂದಿತು. ಹಾಗಾಗಿ ಮನೆಯವರಿಗೆ ಬೇಡವಾದ ಹೆಸರೂ ದಾಖಲೆಯಲ್ಲಿ ಉಳಿದೇ ಇರುತ್ತದೆ.