ವಿಕಿಪೀಡಿಯದಲ್ಲಿ ಮೊದಲ ಸಾಲು
(ಸಂಘದ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣದ ಬರಹರೂಪ)



'ದೇಶ ಸುತ್ತು, ಕೋಶ ಓದು' ಎಂದು ನಮ್ಮ ಹಿರಿಯರು ಹೇಳಿದ್ದಾರೆ. ಕೋಶವನ್ನು ನಾವೇ ಬರೆಯುವ ಕಾಲವೂ ಬರುತ್ತದೆಂದು ಅವರು ಎಣಿಸಿರಲಿಕ್ಕಿಲ್ಲ. 2001ರ ಜನವರಿಯಲ್ಲಿ ಇಂಗ್ಲಿಷಿನಲ್ಲಿ ಆರಂಭವಾದ ವಿಕಿಪೀಡಿಯ 2003ರಲ್ಲಿ ಕನ್ನಡಕ್ಕೂ 2004ರಲ್ಲಿ ಉರ್ದುವಿಗೂ ಬಂತು. ಇದನ್ನು ಬರೆಯುವವರು ಸ್ವಯಂಸೇವಕರು. ಅದಕ್ಕೆ ಯಾವ ಪದವಿಯೂ ಬೇಕಿಲ್ಲ. ಆದರೂ ಉತ್ಸಾಹದಿಂದ ಬಂದ ಹೊಸಬರಲ್ಲಿ ಹಲವರು ಬೇಗನೆ ಬಿಟ್ಟು ಹೋಗುತ್ತಾರೆ. ಏಕೆ?

ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ವಿಷಯ ಹೇಳುತ್ತೇನೆ. ವಿಜಯಪುರಕ್ಕೆ ಹೋಗಿ ಗೋಳಗುಮ್ಮಟ ನೋಡಿ ಬಂದ ಅವನು ಆ ಲೇಖನಕ್ಕೆ ಒಂದು ಸಾಲು ಸೇರಿಸಿದ: 'ಈ ಅತ್ಯದ್ಭುತ ಗುಮ್ಮಟವು ಇಡೀ ಪ್ರಪಂಚದಲ್ಲಿಯೇ ಎರಡನೆಯ ಅತಿ ದೊಡ್ಡ ಗುಮ್ಮಟವಾಗಿದೆ.' ಅರ್ಧ ಗಂಟೆಯೊಳಗೆ ಯಾರೋ ಅದನ್ನು ಅಳಿಸಿದರು. ಕಾರಣ ಬರೆಯಲಿಲ್ಲ. "ಸಾರ್, ನಮ್ಮಂಥವರು ಬರೆಯೋದು ಅವರಿಗೆ ಬೇಡ" ಎಂದ. ಆ ಮಾತು ನನ್ನನ್ನು ಚುಚ್ಚಿತು. ಪುಟದ ತುಂಬ ಕೆಂಪು ಶಾಯಿಯ ಗೆರೆ ಎಳೆದು, ಕಾರಣ ಹೇಳದೆ ಮಕ್ಕಳ ಪುಸ್ತಕ ಹಿಂದಿರುಗಿಸಿದ ಮೇಷ್ಟ್ರು ನಾನೂ ಹೌದು.

ಇಬ್ಬರೂ ಜೊತೆಗೆ ಕುಳಿತೆವು. ಮೊದಲು ಲೇಖನದ 'ಇತಿಹಾಸ' ತೆರೆದು ತೋರಿಸಿದೆ. ಅವನ ಸಾಲು ಅಲ್ಲಿ ಹಾಗೆಯೇ ಇತ್ತು. ಆಮೇಲೆ ಆ ಸಾಲನ್ನೇ ಪ್ರಶ್ನಿಸಿದೆವು. 'ಅತ್ಯದ್ಭುತ' ಎಂಬುದು ಯಾರ ಅಭಿಪ್ರಾಯ? ನಮ್ಮದು. ತೆಗೆದೆವು. 'ಎರಡನೆಯದು' ಎಂದರೆ ಯಾವ ಅಳತೆಯಲ್ಲಿ? ಗೋಳಗುಮ್ಮಟದ ಹೊರವ್ಯಾಸ ಸುಮಾರು 44 ಮೀಟರ್, ಒಳವ್ಯಾಸ ಸುಮಾರು 38 ಮೀಟರ್. ರೋಮಿನ ಪ್ರಾಚೀನ ಪ್ಯಾಂಥಿಯನ್ ಗುಮ್ಮಟದ ಒಳವ್ಯಾಸವೇ ಸುಮಾರು 43 ಮೀಟರ್. ಇಂದು ಕ್ರೀಡಾಂಗಣಗಳ ಮೇಲೆ ಇವಕ್ಕಿಂತ ಎಷ್ಟೋ ದೊಡ್ಡ ಗುಮ್ಮಟಗಳಿವೆ. ಬಾಲ್ಯದಿಂದ ನಾವು ಕೇಳಿದ, ನಾನೇ ತರಗತಿಯಲ್ಲಿ ಹೇಳಿದ ಮಾತು ಅಳತೆಗೆ ನಿಲ್ಲಲಿಲ್ಲ! ಕೊನೆಗೆ ಅವನು ಬರೆದದ್ದು ಇಷ್ಟೆ: 'ಇದು 1627ರಿಂದ 1656ರವರೆಗೆ ಆಳಿದ ಮುಹಮ್ಮದ್ ಆದಿಲ್ ಶಾಹನ ಸಮಾಧಿ. ಗುಮ್ಮಟದ ಹೊರವ್ಯಾಸ ಸುಮಾರು 44 ಮೀಟರ್.' ಆಧಾರವಾಗಿ ಗ್ರಂಥಾಲಯದ ಪುಸ್ತಕದ ಹೆಸರು ಮತ್ತು ಪುಟಸಂಖ್ಯೆ ಕೊಟ್ಟ. ಆ ಸಾಲುಗಳು ಉಳಿದವು, ಅವನೂ ಉಳಿದ.

ಹೊಸದಾಗಿ ಬರೆಯುವ ಮಿತ್ರರೇ, ಇಡೀ ಲೇಖನದಿಂದ ಆರಂಭಿಸಬೇಡಿ, ಒಂದು ವಾಕ್ಯದಿಂದ ಆರಂಭಿಸಿ. ಮೊದಲು ನಿಮ್ಮ ಪ್ರಯೋಗಪುಟದಲ್ಲಿ ಬರೆದು ನೋಡಿ. ಪತ್ರಿಕೆಯ ವಾಕ್ಯವನ್ನು ನಕಲು ಮಾಡಬೇಡಿ, ಅದರ ಹಕ್ಕು ಬೇರೆಯವರದು. ಓದಿ, ಪುಸ್ತಕ ಮುಚ್ಚಿ, ನಿಮ್ಮ ಮಾತಿನಲ್ಲಿ ಬರೆಯಿರಿ. ಯಂತ್ರದ ಅನುವಾದವಾದರೆ ಒಮ್ಮೆ ಗಟ್ಟಿಯಾಗಿ ಓದಿ. ನಾಲಿಗೆ ತಡವರಿಸಿದಲ್ಲಿ ತಿದ್ದಿ. ನಮ್ಮ ಮನೆತನ, ನಮ್ಮ ಸಂಘದ ಬಗ್ಗೆ ನಾವೇ ಬರೆದುಕೊಳ್ಳುವುದು ಬೇಡ. ಉರ್ದು ಬಲ್ಲವರು ಕನ್ನಡ ಲೇಖನಗಳಲ್ಲಿ ತಪ್ಪಾಗಿರುವ ಉರ್ದು ಹೆಸರುಗಳನ್ನು ಸರಿಪಡಿಸಿದರೂ ಅದು ದೊಡ್ಡ ಸೇವೆ.

ಈಗ ಕಲಿಸುವವರಿಗೆ, ಅಂದರೆ ನನಗೂ ಸೇರಿ, ಎರಡು ಮಾತು. ಅಳಿಸುವ ಮುನ್ನ ತಿದ್ದಲು ಸಾಧ್ಯವೇ ನೋಡಿ. ಅಳಿಸಲೇಬೇಕಾದರೆ ಸಂಪಾದನೆಯ ಸಾರಾಂಶದಲ್ಲಿ ಒಂದು ಸಾಲು ಕಾರಣ ಬರೆಯಿರಿ. ಚರ್ಚೆ ಪುಟದಲ್ಲಿ ಮೊದಲು ಸರಿಯಾದದ್ದನ್ನು ಹೇಳಿ, ಆಮೇಲೆ ಒಂದು ತಪ್ಪನ್ನು ತೋರಿಸಿ. ಹತ್ತು ತಪ್ಪುಗಳನ್ನು ಒಮ್ಮೆಗೇ ತೋರಿಸಿದರೆ ಲೇಖನ ಶುದ್ಧವಾಗಬಹುದು, ಆದರೆ ಬರೆಯುವ ಕೈ ನಿಂತುಹೋಗುತ್ತದೆ. ಲೇಖನವನ್ನು ನಾಳೆಯೂ ತಿದ್ದಬಹುದು. ಹೊರಟುಹೋದ ಹುಡುಗನನ್ನು ಮತ್ತೆ ಕರೆತರುವುದು ಕಷ್ಟ.

ಈ ವರ್ಷ ನಿಮ್ಮಲ್ಲಿ ಪ್ರತಿಯೊಬ್ಬರೂ ಆಧಾರವಿರುವ ಒಂದೇ ಒಂದು ವಾಕ್ಯ ಬರೆಯಿರಿ ಎಂಬುದು ನನ್ನ ವಿನಂತಿ. ಕೆಂಪು ಶಾಯಿಯ ಪೆನ್ನು ಈಗಲೂ ನನ್ನ ಮೇಜಿನ ಮೇಲಿದೆ. ಆದರೆ ಈಗ ಗೆರೆ ಎಳೆದಲ್ಲೆಲ್ಲ ಪಕ್ಕದಲ್ಲಿ ಕಾರಣವನ್ನೂ ಬರೆಯುತ್ತೇನೆ.