ಮೈಯ ಅಳತೆಯೂ ಮನುಷ್ಯನ ಬೆಲೆಯೂ

(ಶಾಲೆಯ ಪಾಲಕರ ಸಭೆಯಲ್ಲಿ ಮಾಡಿದ ಭಾಷಣ)



ವರ್ಷಕ್ಕೊಮ್ಮೆ ನಾವೆಲ್ಲರೂ ಒಂದೆಡೆ ಕೂಡುವ ಈ ಸಂದರ್ಭದಲ್ಲಿ, ಆರೋಗ್ಯಕ್ಕೆ ಸಂಬಂಧಿಸಿದ ಯಾವುದಾದರೊಂದು ವಿಷಯವನ್ನು ಕುರಿತು ನಾಲ್ಕು ಮಾತುಗಳನ್ನಾಡಬೇಕೆಂದು ಸಂಸ್ಥೆಯವರು ನನಗೆ ಅಪ್ಪಣೆ ಮಾಡಿದ್ದಾರೆ. ಜ್ವರ, ಕೆಮ್ಮು, ಕಾಲರಾಗಳನ್ನು ಕುರಿತು ನೀವು ಅನೇಕ ಸಲ ಕೇಳಿದ್ದೀರಿ. ಆದುದರಿಂದ ಇಂದು ನಾವು ಕಂಡೂ ಕಾಣದಂತಿರುವ, ಕಂಡಾಗ ನಕ್ಕು ಮುಂದೆ ಹೋಗುವ ಒಂದು ವಿಷಯವನ್ನು ಆರಿಸಿಕೊಂಡಿದ್ದೇನೆ. ಅದು ಕುಬ್ಜತೆ. ದೇಹವು ಎಲ್ಲರಂತೆ ಎತ್ತರಕ್ಕೆ ಬೆಳೆಯದೆ ಗಿಡ್ಡಾಗಿಯೇ ಉಳಿಯುವ ಸ್ಥಿತಿ.

ಮೊದಲು ಕುಬ್ಜತೆಯೆಂದರೆ ಏನೆಂಬುದನ್ನು ಸ್ಪಷ್ಟಪಡಿಸಿಕೊಳ್ಳೋಣ. ಗಿಡ್ಡಾಗಿರುವವರೆಲ್ಲರೂ ಕುಬ್ಜರಲ್ಲ. ತಾಯಿತಂದೆಗಳು ಗಿಡ್ಡಾಗಿದ್ದರೆ ಮಕ್ಕಳೂ ಹಾಗಿರುವುದು ಸಹಜ. ಹೊಟ್ಟೆಗೆ ಸಾಕಷ್ಟಿಲ್ಲದೆ ಬೆಳವಣಿಗೆ ಕುಂಠಿತವಾದ ಮಕ್ಕಳ ಮಾತು ಬೇರೆ. ೨೦೧೯ರಿಂದ ೨೦೨೧ರವರೆಗೆ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ಮಹಾರಾಷ್ಟ್ರದಲ್ಲಿಯೂ ಕರ್ನಾಟಕದಲ್ಲಿಯೂ ಐದು ವರುಷದೊಳಗಿನ ನೂರು ಮಕ್ಕಳಲ್ಲಿ ಸುಮಾರು ೩೫ ಮಕ್ಕಳು ವಯಸ್ಸಿಗೆ ತಕ್ಕ ಎತ್ತರವನ್ನು ಪಡೆದಿರಲಿಲ್ಲ. ಅದು ಅನ್ನದ ಮತ್ತು ನೈರ್ಮಲ್ಯದ ಪ್ರಶ್ನೆ. ಕುಬ್ಜತೆಯೆಂಬುದಾದರೋ ಎಲುಬಿನ ರಚನೆಯಲ್ಲಿ ಅಥವಾ ಗ್ರಂಥಿಗಳ ಕೆಲಸದಲ್ಲಿ ಹುಟ್ಟಿದ ವ್ಯತ್ಯಾಸ. ನಮ್ಮ ದೇಶದ ಕಾನೂನು, ವೈದ್ಯಕೀಯ ಅಥವಾ ವಂಶಗತ ಕಾರಣದಿಂದ ಪ್ರಾಯಕ್ಕೆ ಬಂದ ಮೇಲೂ ೧೪೭ ಸೆಂಟಿಮೀಟರಿಗಿಂತ, ಅಂದರೆ ೪ ಅಡಿ ೧೦ ಅಂಗುಲಕ್ಕಿಂತ, ಹೆಚ್ಚು ಬೆಳೆಯದವರನ್ನು ಈ ವರ್ಗದಲ್ಲಿ ಸೇರಿಸುತ್ತದೆ.

ಇದಕ್ಕೆ ಇನ್ನೂರಕ್ಕಿಂತ ಹೆಚ್ಚು ಕಾರಣಗಳನ್ನು ವೈದ್ಯರು ಗುರುತಿಸಿದ್ದಾರೆ. ಅವುಗಳಲ್ಲಿ ಎಲ್ಲಕ್ಕಿಂತ ಹೆಚ್ಚಾಗಿ ಕಾಣುವುದು ಅಕಾಂಡ್ರೋಪ್ಲೇಸಿಯ ಎಂಬುದು. ಮುಂಡವು ಸಾಧಾರಣವಾಗಿದ್ದು ಕೈಕಾಲುಗಳು ಮೋಟಾಗಿರುವುದು, ತಲೆ ತುಸು ದೊಡ್ಡದಾಗಿ ಹಣೆ ಮುಂಚಾಚಿರುವುದು ಇದರ ಲಕ್ಷಣ. ಸುಮಾರು ೨೫,೦೦೦ ಕೂಸುಗಳಲ್ಲಿ ಒಂದು ಹೀಗೆ ಹುಟ್ಟುತ್ತದೆ. ವಿದ್ಯಾರ್ಥಿಗಳು ಲೆಕ್ಕ ಮಾಡಿ ನೋಡಲಿ. ನಮ್ಮ ದೇಶದಲ್ಲಿ ವರುಷಕ್ಕೆ ಎರಡು ಕೋಟಿಗಿಂತ ಹೆಚ್ಚು ಕೂಸುಗಳು ಹುಟ್ಟುತ್ತವೆ. ಹಾಗಾದರೆ ಇದೊಂದೇ ಕಾರಣದಿಂದ ವರುಷಕ್ಕೆ ಎಂಟು ನೂರಕ್ಕಿಂತ ಹೆಚ್ಚು ಕುಬ್ಜ ಮಕ್ಕಳು ಭಾರತದಲ್ಲಿ ಜನಿಸುತ್ತಿರಬೇಕು. ಒಂದು ಊರಿಗೆ ಇದು ಅಪರೂಪ, ದೇಶಕ್ಕೆ ಅಪರೂಪವಲ್ಲ.

ನಮ್ಮ ಉದ್ದನೆಯ ಎಲುಬುಗಳು ತುದಿಯಲ್ಲಿರುವ ಮೃದುವಾದ ಎಲುಬಿನಿಂದ ಬೆಳೆಯುತ್ತವೆ. ಈ ಬೆಳವಣಿಗೆ ಮಿತಿಮೀರದಂತೆ ತಡೆಯುವ ವಂಶವಾಹಿಯೊಂದು ದೇಹದಲ್ಲಿದೆ. ಅದರಲ್ಲಿ ಒಂದು ಸಣ್ಣ ಬದಲಾವಣೆಯಾದರೆ, ಸೈಕಲ್ಲಿನ ಬ್ರೇಕು ಗಾಲಿಗೆ ಒತ್ತಿಯೇ ಕುಳಿತಂತೆ, ಬೆಳವಣಿಗೆ ನಿಧಾನವಾಗಿಬಿಡುತ್ತದೆ. ಈ ರಹಸ್ಯವು ೧೯೯೪ರಲ್ಲಿ ಬಯಲಿಗೆ ಬಂದಿತು. ಇಂಥ ಹತ್ತು ಮಕ್ಕಳಲ್ಲಿ ಎಂಟು ಮಕ್ಕಳ ತಾಯಿತಂದೆಗಳು ಸಾಧಾರಣ ಎತ್ತರದವರೇ ಆಗಿರುತ್ತಾರೆ; ಬದಲಾವಣೆ ಆ ಕೂಸಿನಲ್ಲಿ ಹೊಸದಾಗಿ ಬಂದಿರುತ್ತದೆ. ಬಸುರಿಯಾಗಿದ್ದಾಗ ತಾಯಿ ಗ್ರಹಣ ನೋಡಿದಳು, ಬೇಡದ್ದನ್ನು ತಿಂದಳು, ಯಾರದೋ ಶಾಪ ತಟ್ಟಿತು ಎಂಬ ಮಾತುಗಳಿಗೆ ಯಾವ ಆಧಾರವೂ ಇಲ್ಲ. ಸೊಸೆಯ ಮೇಲೆ ಈ ಅಪವಾದವನ್ನು ಹೊರಿಸುವ ಮನೆಯವರು ಇದನ್ನು ಅವಶ್ಯವಾಗಿ ತಿಳಿಯಬೇಕು.

ಇನ್ನು ಕೆಲವು ಬಗೆಯ ಕುಬ್ಜತೆಯನ್ನು ತಡೆಯಲು ಸಾಧ್ಯವುಂಟು. ಕೊರಳಿನಲ್ಲಿರುವ ಥೈರಾಯ್ಡ್ ಗ್ರಂಥಿ ಹುಟ್ಟಿನಿಂದಲೇ ಕೆಲಸ ಮಾಡದಿದ್ದರೆ ಕೂಸಿನ ಎತ್ತರವೂ ಬುದ್ಧಿಯೂ ಎರಡೂ ಕುಂಠಿತವಾಗುತ್ತವೆ. ಹುಟ್ಟಿದ ಕೆಲವೇ ದಿನಗಳಲ್ಲಿ ಹಿಮ್ಮಡಿಯಿಂದ ಒಂದೆರಡು ಹನಿ ರಕ್ತ ತೆಗೆದು ಪರೀಕ್ಷಿಸಿ, ಎರಡು ವಾರಗಳೊಳಗಾಗಿ ಗುಳಿಗೆಯನ್ನು ಆರಂಭಿಸಿದರೆ ಆ ಕೂಸು ಎಲ್ಲರಂತೆ ಬೆಳೆಯುತ್ತದೆ. ತಾಯಿಗೆ ಅಯೋಡಿನ್ ಸಾಲದಿದ್ದರೂ ಇಂಥ ಹಾನಿ ಆಗುವುದುಂಟು. ಅಯೋಡಿನ್ ಕೂಡಿಸಿದ ಉಪ್ಪನ್ನೇ ಬಳಸಬೇಕೆನ್ನುವುದು ಇದಕ್ಕಾಗಿಯೇ. ಮೆದುಳಿನ ಬುಡದಲ್ಲಿರುವ ಪಿಟ್ಯುಟರಿ ಗ್ರಂಥಿಯ ರಸ ಕಡಿಮೆಯಾಗಿ ಎತ್ತರ ನಿಂತ ಮಕ್ಕಳಿಗೆ, ಪ್ರಯೋಗಶಾಲೆಯಲ್ಲಿ ತಯಾರಿಸಿದ ಬೆಳವಣಿಗೆಯ ರಸದ ಚುಚ್ಚುಮದ್ದು ೧೯೮೫ರಿಂದ ದೊರೆಯುತ್ತಿದೆ. ಆದರೆ ಎಲುಬಿನ ತುದಿಗಳು ಕೂಡಿಹೋದ ಮೇಲೆ ಯಾವ ಔಷಧವೂ ಎತ್ತರವನ್ನು ಕೊಡಲಾರದು. ಅಕಾಂಡ್ರೋಪ್ಲೇಸಿಯಕ್ಕೆಂದು ಕಂಡುಹಿಡಿದ ಒಂದು ಚುಚ್ಚುಮದ್ದಿಗೆ ೨೦೨೧ರಲ್ಲಿ ಅಮೇರಿಕೆಯಲ್ಲಿಯೂ ಯುರೋಪಿನಲ್ಲಿಯೂ ಅನುಮತಿ ದೊರೆತಿದೆ. ಅದು ಬಹು ದುಬಾರಿಯಾದುದು, ನಿತ್ಯವೂ ಕೊಡತಕ್ಕದ್ದು. ಸಂತೆಯಲ್ಲಿ ಎತ್ತರ ಬೆಳೆಸುವ ಪುಡಿಯೆಂದು ಮಾರುವವರಿಗೆ ಹಣ ಸುರಿಯುವುದು ವ್ಯರ್ಥ.

ಕುಬ್ಜರ ದೇಹಕ್ಕೆ ಬರುವ ತೊಂದರೆಗಳೇನು? ಅಕಾಂಡ್ರೋಪ್ಲೇಸಿಯದ ಕೂಸಿಗೆ ತಲೆಬುರುಡೆಯ ಬುಡದ ರಂಧ್ರವು ಕಿರಿದಾಗಿರುವುದರಿಂದ ನಿದ್ರೆಯಲ್ಲಿ ಉಸಿರು ನಿಲ್ಲುವ ಅಪಾಯವಿರುತ್ತದೆ. ಇಂಥ ಕೂಸನ್ನು ಅವಸರದಿಂದ ಒರಗಿಸಿ ಕೂಡಿಸಬಾರದು, ಬೆನ್ನು ಬಾಗುತ್ತದೆ. ಕಿವಿ ಸೋರುವುದು ಹೆಚ್ಚು. ಅದನ್ನು ಅಲಕ್ಷಿಸಿದರೆ ಕಿವುಡು ಬಂದು, ಮಾತೂ ತಡವಾಗುತ್ತದೆ. ಕಾಲುಗಳು ಬಿಲ್ಲಿನಂತೆ ಬಾಗುತ್ತವೆ. ಪ್ರಾಯದವರಲ್ಲಿ ಬೆನ್ನುಹುರಿಯ ನಾಳ ಇಕ್ಕಟ್ಟಾಗಿ ಕಾಲು ಜೋಮು ಹಿಡಿಯುವುದು, ಸ್ವಲ್ಪ ನಡೆದರೆ ನೋವಾಗುವುದು ಉಂಟು. ಮೈತೂಕ ಹೆಚ್ಚಾದರೆ ಈ ಕಷ್ಟಗಳೆಲ್ಲ ಇಮ್ಮಡಿಯಾಗುತ್ತವೆ. ಆದರೆ ಒಂದು ಮಾತನ್ನು ಗಟ್ಟಿಯಾಗಿ ಹೇಳಬೇಕಾಗಿದೆ: ಇವರಲ್ಲಿ ಬುದ್ಧಿಗೆ ಸಾಮಾನ್ಯವಾಗಿ ಯಾವ ಕೊರತೆಯೂ ಇರುವುದಿಲ್ಲ, ಮತ್ತು ಕುಬ್ಜತೆ ಒಬ್ಬರಿಂದ ಒಬ್ಬರಿಗೆ ಅಂಟುವ ರೋಗವಲ್ಲ.

ಕನ್ನಡ ನಾಡಿನಲ್ಲಿಯೇ ಇದಕ್ಕೆ ಸಂಬಂಧಿಸಿದ ಒಂದು ದುಃಖದ ಕಥೆಯಿದೆ. ಶಿವಮೊಗ್ಗ ಜಿಲ್ಲೆಯ ಸಾಗರ ತಾಲೂಕಿನಲ್ಲಿ ಹಂದಿಗೋಡು ಎಂಬ ಗ್ರಾಮವುಂಟು. ೧೯೭೦ರ ದಶಕದ ನಡುವಿನಲ್ಲಿ ಅಲ್ಲಿಯ ಬಡ ಕೂಲಿಕಾರರ ಮನೆಗಳಲ್ಲಿ ಒಂದು ವಿಚಿತ್ರ ರೋಗವಿರುವುದು ವೈದ್ಯರ ಗಮನಕ್ಕೆ ಬಂದಿತು. ಟೊಂಕದ ಮತ್ತು ಮೊಳಕಾಲಿನ ಕೀಲುಗಳು ನೋಯತೊಡಗುತ್ತವೆ. ಬರಬರುತ್ತ ಸವೆದು ಹೋಗುತ್ತವೆ. ಕೆಲವರಿಗೆ ನಡೆಯುವುದೇ ಅಸಾಧ್ಯವಾಗಿ ತೆವಳಬೇಕಾಗುತ್ತದೆ. ಇವರಲ್ಲಿ ಕೆಲವರ ಎತ್ತರ ಸಾಧಾರಣವಾಗಿಯೇ ಇತ್ತು. ಕೆಲವರ ಬೆನ್ನು ಮೊಟಕಾಗಿತ್ತು. ಇನ್ನು ಕೆಲವರು ಪೂರ್ಣ ಕುಬ್ಜರಾಗಿದ್ದರು. ಹೈದರಾಬಾದಿನ ರಾಷ್ಟ್ರೀಯ ಪೋಷಣ ಸಂಸ್ಥೆಯ ವಿಜ್ಞಾನಿಗಳು ಅಲ್ಲಿಗೆ ಹೋಗಿ ಪರೀಕ್ಷಿಸಿ, ಇದನ್ನು ಮಲೆನಾಡಿನ ವಂಶಗತ ಸಂಧಿವಾತವೆಂದು ವರ್ಣಿಸಿದರು. ಗದ್ದೆಗೆ ಹೊಡೆದ ಕೀಟನಾಶಕ ಏಡಿಗಳ ಮೈಯಲ್ಲಿ ಸೇರಿ, ಆ ಏಡಿಗಳನ್ನು ತಿಂದವರಿಗೆ ರೋಗ ಬಂದಿತೆಂದು ಮೊದಮೊದಲು ಸಂದೇಹವಿತ್ತು. ಮುಂದೆ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಆಶ್ರಯದಲ್ಲಿ ಮನೆತನಗಳ ತಲೆಮಾರುಗಳನ್ನು ಪರಿಶೀಲಿಸಿದಾಗ, ಇದು ವಂಶದಲ್ಲಿ ಇಳಿದು ಬರುವ ರೋಗವೆಂದೂ, ತಾಯಿ ಅಥವಾ ತಂದೆಗೆ ಇದ್ದರೆ ಪ್ರತಿಯೊಂದು ಮಗುವಿಗೂ ಅರ್ಧದಷ್ಟು ಸಂಭವವಿದೆಯೆಂದೂ ತಿಳಿದುಬಂದಿತು. ಶಿವಮೊಗ್ಗ ಮತ್ತು ಚಿಕ್ಕಮಗಳೂರು ಜಿಲ್ಲೆಗಳ ಹಲವು ಹಳ್ಳಿಗಳಲ್ಲಿ ನೂರಾರು ಜನ ಇದರಿಂದ ಪೀಡಿತರಾದರು. ದಕ್ಷಿಣ ಆಫ್ರಿಕಾದ ಝುಲು ನಾಡಿನಲ್ಲಿ ಮ್ಸೆಲೆನಿ ಎಂಬಲ್ಲಿಯೂ ಇದನ್ನು ಹೋಲುವ ರೋಗವಿದೆ.

ಹಂದಿಗೋಡಿನ ಜನರು ಎರಡು ಹೊರೆಗಳನ್ನು ಹೊರಬೇಕಾಯಿತು. ಒಂದು ಎಲುಬಿನ ಹೊರೆ. ಇನ್ನೊಂದು ಬಡತನದ ಹೊರೆ. ಕೂಲಿಯೇ ಜೀವನವಾದವನಿಗೆ ಬೆನ್ನು ಬಗ್ಗದಿದ್ದರೆ, ಕಾಲು ಮಡಿಯದಿದ್ದರೆ, ಆ ದಿನದ ಗಂಜಿಯೂ ಇಲ್ಲ. ಸಿರಿವಂತನ ಮನೆಯಲ್ಲಿ ಇದೇ ರೋಗವು ಕುರ್ಚಿಯ ಮೇಲೆ ಕುಳಿತು ಮಾಡುವ ಕೆಲಸವನ್ನು ಕಸಿದುಕೊಳ್ಳುವುದಿಲ್ಲ. ರೋಗವನ್ನು ಕೊಟ್ಟದ್ದು ಪ್ರಕೃತಿಯಾದರೂ, ಅದರ ಭಾರವನ್ನು ಹೆಚ್ಚಿಸುವುದೂ ಇಳಿಸುವುದೂ ಸಮಾಜದ ಕೈಯಲ್ಲಿದೆ.

ವಂಶದ ಮಾತು ಬಂದುದರಿಂದ ಪಾಲಕರಿಗೆ ಇನ್ನೊಂದನ್ನು ಹೇಳುತ್ತೇನೆ. ಅಕ್ಕನ ಮಗಳನ್ನೂ ಸೋದರಮಾವನ ಮಗಳನ್ನೂ ಮನೆಗೆ ತಂದುಕೊಳ್ಳುವ ರೂಢಿ ನಮ್ಮ ಜನರಲ್ಲಿದೆ. ಕುಬ್ಜತೆಯ ಕೆಲವು ಬಗೆಗಳು ಗಂಡಹೆಂಡಿರಿಬ್ಬರಲ್ಲಿಯೂ ಒಂದೇ ದೋಷ ಗುಪ್ತವಾಗಿದ್ದಾಗ ಮಾತ್ರ ಮಗುವಿನಲ್ಲಿ ಪ್ರಕಟವಾಗುತ್ತವೆ. ರಕ್ತಸಂಬಂಧದಲ್ಲಿ ಹಾಗಾಗುವ ಸಂಭವ ಹೆಚ್ಚು. ಮನೆತನದಲ್ಲಿ ಇಂಥ ಮಗು ಹುಟ್ಟಿದ್ದರೆ, ಮುಂದಿನ ಸಂಬಂಧ ಕೂಡಿಸುವ ಮೊದಲು ಸೊಲ್ಲಾಪುರದ ದೊಡ್ಡ ಆಸ್ಪತ್ರೆಯ ತಜ್ಞ ವೈದ್ಯರನ್ನು ಕೇಳುವುದು ಒಳಿತು.

ಈಗ ಸಮಾಜದ ನಡತೆಯನ್ನು ನೋಡೋಣ. ಶಾಲೆಯ ಪ್ರವಾಸದಲ್ಲಿ ಬಾದಾಮಿಗೆ ಹೋದವರು ಅಲ್ಲಿಯ ಗುಹೆಗಳ ಜಗತಿಯ ಮೇಲೆ ಸಾಲಾಗಿ ಕುಣಿಯುವ ಕುಬ್ಜ ಗಣಗಳನ್ನು ನೋಡಿರಬೇಕು. ಅಲ್ಲಿಯೇ ತ್ರಿವಿಕ್ರಮನ ಮೂರ್ತಿಯೂ ಇದೆ. ವಾಮನನಾಗಿ ಬಂದವನು ಮೂರು ಹೆಜ್ಜೆಗಳಲ್ಲಿ ಲೋಕವನ್ನೇ ಅಳೆದ ಕಥೆಯನ್ನು ನಾವೆಲ್ಲರೂ ಕೇಳಿದ್ದೇವೆ. ಕಲ್ಲಿನ ಕುಬ್ಜನಿಗೆ ಕೈಮುಗಿಯುವ ನಾವು, ಬೀದಿಯಲ್ಲಿ ನಡೆಯುವ ಕುಬ್ಜನನ್ನು ಕಂಡಾಗ ಏನು ಮಾಡುತ್ತೇವೆ? "ಕುಳ್ಳ", "ಗಿಡ್ಡ" ಎಂದು ಕೂಗುತ್ತೇವೆ. ನಮ್ಮ ಗಡಿನಾಡಿನಲ್ಲಿ "ಬುಟಕ್ಯಾ" ಎಂಬ ಮರಾಠಿ ಮಾತೂ ಅದಕ್ಕೆ ಕೂಡಿಕೊಳ್ಳುತ್ತದೆ. ಮಕ್ಕಳು ಬೆನ್ನಟ್ಟುತ್ತಾರೆ, ದೊಡ್ಡವರು ನಕ್ಕು ಸುಮ್ಮನಿರುತ್ತಾರೆ. ಬಹುಕಾಲದವರೆಗೆ ಸರ್ಕಸ್ಸಿನ ವಿದೂಷಕನ ಕೆಲಸವೊಂದೇ ಇಂಥವರಿಗೆ ಸುಲಭವಾಗಿ ದೊರೆಯುತ್ತಿತ್ತು. ಆ ಕೆಲಸ ಕೀಳಲ್ಲ. ಬೇರೆ ಬಾಗಿಲುಗಳನ್ನು ಮುಚ್ಚಿದುದು ನಮ್ಮ ತಪ್ಪು.

ಆ ಬಾಗಿಲುಗಳು ಈಗ ತೆರೆಯುತ್ತಿವೆ. ಗುಜರಾತದ ಗಣೇಶ ಬರೈಯಾ ಎಂಬ ತರುಣನ ಎತ್ತರ ಮೂರು ಅಡಿ. ವೈದ್ಯಕೀಯ ಪ್ರವೇಶ ಪರೀಕ್ಷೆಯಲ್ಲಿ ತೇರ್ಗಡೆಯಾದರೂ, ಇಷ್ಟು ಗಿಡ್ಡಾದವನು ತುರ್ತು ರೋಗಿಗಳನ್ನು ನೋಡಲಾರನೆಂದು ಭಾರತೀಯ ವೈದ್ಯಕೀಯ ಪರಿಷತ್ತು ಅವನಿಗೆ ಪ್ರವೇಶವನ್ನು ನಿರಾಕರಿಸಿತು. ಅವನು ಓದಿದ ಶಾಲೆಯ ಮುಖ್ಯಾಧ್ಯಾಪಕರು ಅವನ ಬೆನ್ನಿಗೆ ನಿಂತರು. ಹೈಕೋರ್ಟಿನಲ್ಲಿ ಸೋತರೂ ಧೈರ್ಯಗುಂದದೆ ಸುಪ್ರೀಂ ಕೋರ್ಟಿಗೆ ಹೋದರು. ೨೦೧೮ರಲ್ಲಿ ತೀರ್ಪು ಅವನ ಪರವಾಗಿ ಬಂದಿತು. ೨೦೧೯ರಲ್ಲಿ ಭಾವನಗರದ ವೈದ್ಯಕೀಯ ಕಾಲೇಜನ್ನು ಸೇರಿ, ಇಂದು ಅವರು ಡಾಕ್ಟರರಾಗಿದ್ದಾರೆ. ಜಯಪುರದ ಕೃಷ್ಣ ನಾಗರ ಅವರು ೨೦೨೧ರಲ್ಲಿ ಟೋಕಿಯೋದ ಪ್ಯಾರಾಲಿಂಪಿಕ್ಸಿನಲ್ಲಿ ಗಿಡ್ಡ ಮೈಕಟ್ಟಿನವರ ಬ್ಯಾಡ್ಮಿಂಟನ್ ಪಂದ್ಯದಲ್ಲಿ ಸುವರ್ಣ ಪದಕವನ್ನು ಗೆದ್ದರು. ೨೦೨೪ರಲ್ಲಿ ಪ್ಯಾರಿಸ್ಸಿನಲ್ಲಿ ಹರಿಯಾಣದ ನವದೀಪ ಸಿಂಗ್ ಭರ್ಜಿ ಎಸೆತದಲ್ಲಿ ಸುವರ್ಣವನ್ನೂ, ತಮಿಳುನಾಡಿನ ನಿತ್ಯಶ್ರೀ ಬ್ಯಾಡ್ಮಿಂಟನ್ನಿನಲ್ಲಿ ಕಂಚನ್ನೂ ತಂದರು.

ಕಾನೂನಿನ ಆಸರೆಯೂ ಇದೆ. ೧೯೯೫ರ ಅಂಗವಿಕಲರ ಕಾಯಿದೆಯಲ್ಲಿ ಕುಬ್ಜತೆಯ ಹೆಸರು ಇರಲಿಲ್ಲ. ೨೦೧೬ರ ಕಾಯಿದೆಯು ಹೆಸರಿಸಿದ ೨೧ ಬಗೆಯ ಅಂಗವಿಕಲತೆಗಳಲ್ಲಿ ಇದೂ ಒಂದು. ವೈದ್ಯಕೀಯ ಮಂಡಳಿಯು ನೂರಕ್ಕೆ ೪೦ ಅಥವಾ ಅದಕ್ಕಿಂತ ಹೆಚ್ಚು ವಿಕಲತೆಯನ್ನು ನಿಶ್ಚಯಿಸಿ ಪ್ರಮಾಣಪತ್ರ ಕೊಟ್ಟರೆ, ೬ರಿಂದ ೧೮ ವರುಷದವರೆಗೆ ಉಚಿತ ಶಿಕ್ಷಣದ ಹಕ್ಕು ದೊರೆಯುತ್ತದೆ. ಸರಕಾರಿ ಮತ್ತು ಸರಕಾರದ ನೆರವು ಪಡೆಯುವ ಉನ್ನತ ಶಿಕ್ಷಣ ಸಂಸ್ಥೆಗಳಲ್ಲಿ ಇಂಥ ಅಂಗವಿಕಲರಿಗೆಲ್ಲ ಸೇರಿ ನೂರಕ್ಕೆ ೫ ಸ್ಥಾನಗಳೂ, ಸರಕಾರಿ ನೌಕರಿಯಲ್ಲಿ ನೂರಕ್ಕೆ ೪ ಸ್ಥಾನಗಳೂ ಮೀಸಲಾಗಿವೆ. ನಾಚಿಕೆಯಿಂದ ಮಗುವನ್ನು ಮನೆಯಲ್ಲಿ ಅಡಗಿಸಿಡುವ ತಾಯಿತಂದೆಗಳು ಅದರ ಹಕ್ಕನ್ನೇ ಅಡಗಿಸಿಟ್ಟಂತೆ.

ಹಾಗಾದರೆ ನಾವು ಮಾಡತಕ್ಕದ್ದೇನು? ಪಾಲಕರೆ, ಮಗುವಿನ ಎತ್ತರವನ್ನು ಆರು ತಿಂಗಳಿಗೊಮ್ಮೆ ಬಾಗಿಲ ಚೌಕಟ್ಟಿನ ಮೇಲೆ ಗೆರೆ ಎಳೆದು ಗುರುತಿಸಿರಿ. ಹುಟ್ಟಿದಾಗ ಸುಮಾರು ೫೦ ಸೆಂಟಿಮೀಟರ್ ಇರುವ ಕೂಸು ಮೊದಲ ವರುಷದಲ್ಲಿ ಸುಮಾರು ೨೫ ಸೆಂಟಿಮೀಟರ್ ಬೆಳೆಯುತ್ತದೆ. ನಾಲ್ಕು ವರುಷದಿಂದ ಪ್ರಾಯ ಬರುವವರೆಗೆ ವರುಷಕ್ಕೆ ಐದಾರು ಸೆಂಟಿಮೀಟರ್ ಬೆಳೆಯಬೇಕು. ಅದಕ್ಕಿಂತ ಕಡಿಮೆಯಾದರೆ, ಮುಂದೆ ಬೆಳೆದೀತೆಂದು ಕಾಯದೆ ವೈದ್ಯರಿಗೆ ತೋರಿಸಿರಿ.

ಗುರುಗಳೆ, ಇಂಥ ಮಗು ಶಾಲೆಗೆ ಬಂದರೆ ಬೆಂಚಿನ ಕೆಳಗೆ ಕಾಲಿಗೊಂದು ಮಣೆ ಇಡಿಸಿರಿ. ಕಾಲು ಜೋತುಬಿದ್ದರೆ ಬೆನ್ನು ನೋಯುತ್ತದೆ. ನೀರಿನ ನಲ್ಲಿ, ಶೌಚಾಲಯದ ಚಿಲಕ ಅದರ ಕೈಗೆ ನಿಲುಕುವಂತಿರಲಿ. ಎಂಟು ವರುಷದ ಮಗುವನ್ನು ನಾಲ್ಕು ವರುಷದ ಕೂಸಿನಂತೆ ಮುದ್ದಿಸಬೇಡಿರಿ. ವಯಸ್ಸಿಗೆ ತಕ್ಕ ಪಾಠವನ್ನೂ ಜವಾಬ್ದಾರಿಯನ್ನೂ ಕೊಡಿರಿ.

ವಿದ್ಯಾರ್ಥಿಗಳೆ, ನಿಮಗೆ ಹೇಳುವುದು ಸ್ವಲ್ಪವೇ. ಅವನನ್ನು ಹೆಸರು ಹಿಡಿದು ಕರೆಯಿರಿ. ಆಟಕ್ಕೆಂದು ಎತ್ತಿ ಹಾರಿಸಬೇಡಿರಿ. ಅವನ ಕುತ್ತಿಗೆಗೂ ಬೆನ್ನಿಗೂ ಅದು ಅಪಾಯ, ಮನಸ್ಸಿಗೆ ಅದಕ್ಕಿಂತ ಹೆಚ್ಚಿನ ನೋವು. ಬೇರೆಯವರು ನಕ್ಕಾಗ ನೀವು ನಗದೆ ಅವನ ಪಕ್ಕದಲ್ಲಿ ನಿಲ್ಲಿರಿ. ಇಷ್ಟು ಮಾಡಲು ಹಣವೂ ಬೇಡ, ಕಾಯಿದೆಯೂ ಬೇಡ.

ನಮ್ಮ ಈ ನೆಲವು ಸೊನ್ನಲಿಗೆಯ ಸಿದ್ಧರಾಮ ಶರಣರ ನೆಲ. ಕೆರೆ ಕಟ್ಟಿಸಿ ಜನರ ಸೇವೆ ಮಾಡಿದ ಅವರೂ ಅವರ ಕಾಲದ ಶರಣರೂ ಮನುಷ್ಯನನ್ನು ಅಳೆದದ್ದು ಕಾಯಕದಿಂದ, ಮೈಯ ಉದ್ದದಿಂದಲ್ಲ. ಎಲುಬಿನ ನೋವಿಗೆ ವೈದ್ಯರು ಔಷಧ ಹುಡುಕುತ್ತಿದ್ದಾರೆ. ನಗೆಯಿಂದಾಗುವ ನೋವಿಗೆ ಔಷಧ ನಮ್ಮಲ್ಲಿಯೇ ಇದೆ. ಅದನ್ನು ಕೊಡುವ ಮನಸ್ಸು ನಮ್ಮೆಲ್ಲರಿಗೂ ಬರಲಿ.