ಹತ್ತು ನಿಮಿಷಕ್ಕೆ ಎಷ್ಟು ಪುಟ?
(ನೇಮಕಲ್ಲಿನ ಕೂಟದಲ್ಲಿ ಆಡಿದ ಮಾತು)



ನಮಗೆ ಇಲ್ಲಿ ಅರ್ಧ ಗಂಟೆ ಮಾತಾಡಲು ಹೇಳಿದ್ದಾರೆ. ಕನ್ನಡದಲ್ಲಿ ನಾವು, ಹಿಂದೆಯೇ ತೆಲುಗಿನಲ್ಲಿ ಈ ತಮ್ಮ. ಅಂದರೆ ನಮ್ಮ ಪಾಲಿಗೆ ಹದಿನೈದೇ ನಿಮಿಷ. ರಾಯದುರ್ಗದ ಈ ಸೀಮೆಯಲ್ಲಿ ಎರಡೂ ಮಾತಿನವರು ಒಂದೇ ಚಾಪೆಯ ಮೇಲೆ ಕೂತಿರುತ್ತೀರಿ. ನಮ್ಮ ಮಲೆನಾಡಿನ ಕಾಫಿ ತೋಟಗಳ ಲೈನ್ ಮನೆಗಳಲ್ಲೂ ಹಾಗೆಯೇ. ಕನ್ನಡ, ತಮಿಳು, ತುಳು ಅಕ್ಕಪಕ್ಕ. ಅನುವಾದ ಇರುವಲ್ಲಿಗೆ ಹೋಗುವಾಗ ಬರೆದದ್ದನ್ನು ಅರ್ಧ ಮಾಡಿಕೊಂಡೇ ಹೊರಡಬೇಕು.

ಈ ಲೆಕ್ಕ ನಾವು ಪೆಟ್ಟು ತಿಂದು ಕಲಿತದ್ದು. ಕೆಲವು ವರ್ಷಗಳ ಹಿಂದೆ ಒಂದು ತೋಟದ ಮಾತುಕತೆಯಲ್ಲಿ ನಮಗೆ ಹತ್ತು ನಿಮಿಷ ಕೊಟ್ಟರು. ಹಿಂದಿನ ರಾತ್ರಿ ಕೂತು ಐದು ಪುಟ ಬರೆದೆವು. ಮನಸ್ಸಿನಲ್ಲೇ ಓದಿಕೊಂಡಾಗ ಆರೇ ನಿಮಿಷ ಆಯಿತು. ಸಮಯ ಮಿಕ್ಕುತ್ತದೆಂದು ಧೈರ್ಯ. ಮಾರನೆಯ ದಿನ ಮೊದಲ ಪುಟವೆಲ್ಲ ವಂದನೆ, ಸಂಘದ ಚರಿತ್ರೆ. ಮೂರನೆಯ ಪುಟ ಮುಗಿಯುವ ಹೊತ್ತಿಗೆ ಎದುರಿಗಿದ್ದವರು ಗಡಿಯಾರ ತೋರಿಸಿ ಎದ್ದುಬಿಟ್ಟರು. ಕುಡಿಯುವ ನೀರಿನ ಮಾತು ಐದನೆಯ ಪುಟದಲ್ಲಿತ್ತು. ಆ ಬೇಸಿಗೆಯೂ ಹೆಂಗಸರು ಕೊಡ ಹೊತ್ತು ಹಳ್ಳಕ್ಕೆ ಇಳಿದರು. "ಉಪದೇಶಿಯವರೇ, ನೀರಿನ ವಿಷಯ ಹೇಳಿದಿರಾ?" ಎಂದು ಒಬ್ಬ ಅಜ್ಜಿ ಕೇಳಿದಾಗ ನಾವು ತಲೆ ತಗ್ಗಿಸಿದೆವು.

ಕಣ್ಣು ಓಡಿದಷ್ಟು ನಾಲಿಗೆ ಓಡುವುದಿಲ್ಲ. ಎದ್ದು ನಿಂತು, ಹಿಂದಿನ ಸಾಲಿಗೆ ಕೇಳುವಂತೆ ಬಾಯಿಬಿಟ್ಟು ಓದಬೇಕು, ಪಕ್ಕದಲ್ಲಿ ಗಡಿಯಾರ ಇರಬೇಕು. ಒಂದು ಪುಟಕ್ಕೆ ಎಷ್ಟಾಯಿತೆಂದು ತಿಳಿದರೆ ಉಳಿದದ್ದು ಗುಣಾಕಾರ. ನಮ್ಮ ಕೈಬರಹದ ಪುಟಕ್ಕೆ ಮೂರು ನಿಮಿಷ ಬೇಕು. ನಿಮ್ಮದು ಬೇರೆ ಇರಬಹುದು. ಇಂಗ್ಲಿಷಿನವರು ನಿಮಿಷಕ್ಕೆ 130ರಿಂದ 150 ಪದ ಎಂದು ಲೆಕ್ಕ ಹಾಕುತ್ತಾರೆ. ಅದು ಕನ್ನಡಕ್ಕೆ ಒಗ್ಗದು. 'ಕೊಡಬೇಕಾಗಿರುವುದರಿಂದ' ಎಂಬುದು ನಮಗೆ ಒಂದೇ ಪದ, ಅವರಿಗೆ ನಾಲ್ಕೈದು. ಅಂಕಿಗಳದು ಇನ್ನೊಂದು ಮೋಸ. ಕಾಗದದಲ್ಲಿ 1951 ಎಂದರೆ ಬೆರಳಗಲ; ಬಾಯಲ್ಲಿ 'ಸಾವಿರದ ಒಂಬೈನೂರ ಐವತ್ತೊಂದು'. ಕೂಲಿಯ ಪಟ್ಟಿ ಓದುವವರು ಇದನ್ನು ಮರೆಯಬಾರದು. ಬಯಲಿನಲ್ಲಿ ಮೈಕು ಪ್ರತಿಧ್ವನಿ ಕೊಟ್ಟರೆ ಇನ್ನೂ ನಿಧಾನ.

ದೊಡ್ಡ ವಿಷಯಕ್ಕೆ ದೊಡ್ಡ ಭಾಷಣವೇ ಬೇಕೆಂಬ ಭ್ರಮೆ ನಮಗೂ ಇತ್ತು. ಮತ್ತಾಯನ ಸುವಾರ್ತೆಯ 5ರಿಂದ 7ನೆಯ ಅಧ್ಯಾಯದವರೆಗಿನ ಪರ್ವತ ಪ್ರಸಂಗ ಒಟ್ಟು 111 ವಚನ. ಗಟ್ಟಿಯಾಗಿ ಓದಿ ನೋಡಿ, ಇಪ್ಪತ್ತು ನಿಮಿಷದೊಳಗೆ ಮುಗಿಯುತ್ತದೆ. 1863ರಲ್ಲಿ ಅಮೆರಿಕದ ಗೆಟಿಸ್‌ಬರ್ಗ್‌ನಲ್ಲಿ ಎವರೆಟ್ ಎಂಬವರು ಎರಡು ಗಂಟೆ ಮಾತಾಡಿದರು, ಆಮೇಲೆ ಲಿಂಕನ್ ಸುಮಾರು ಎರಡು ನಿಮಿಷ. ಜನ ನೆನಪಿಟ್ಟದ್ದು ಲಿಂಕನ್ನರ ಮಾತನ್ನು. ನಮ್ಮ ಕೃಷ್ಣ ಮೆನನ್ನರು 1957ರ ಜನವರಿಯಲ್ಲಿ ಭದ್ರತಾ ಮಂಡಳಿಯಲ್ಲಿ ಕಾಶ್ಮೀರದ ಬಗ್ಗೆ ಎರಡು ದಿನ ಸೇರಿ ಸುಮಾರು ಎಂಟು ಗಂಟೆ ಮಾತಾಡಿದರು, ನಿಜ. ಕೂಲಿಯವರಿಗೆ ಅಷ್ಟು ಹೊತ್ತು ಯಾರು ಕೊಡುತ್ತಾರೆ?

ಈಗ ನಾವು ನೀರನ್ನು ಮೊದಲ ಸಾಲಿನಲ್ಲೇ ಬರೆಯುತ್ತೇವೆ. ಹತ್ತು ನಿಮಿಷ ಕೊಟ್ಟರೆ ಎಂಟಕ್ಕೆ ಬರೆದು, ಎರಡನ್ನು ಅವರ ಪ್ರಶ್ನೆಗೆ ಇಡುತ್ತೇವೆ. ವಂದನೆ ಒಂದೇ ಸಾಲು.

ನಿಮ್ಮಲ್ಲಿ ಯಾರ ಬಳಿಯಾದರೂ ಅರ್ಜಿ ಇದ್ದರೆ ರಾತ್ರಿ ಊಟವಾದ ಮೇಲೆ ತನ್ನಿ. ನೀವು ನಿಂತು ಓದಿ, ನಾವು ಗಡಿಯಾರ ಹಿಡಿದು ಕೂರುತ್ತೇವೆ.